ಕೊಡೆಯ ಕೆಳಗಿನ ಮುಖ

ನೌಸೋರಿ
ಜುಲೈ ೯, ಭಾನುವಾರ

ತೊರಿಕಾಳ ಅಪ್ಪನಿಗೆ,

ಜನ ಎಲ್ಲಿ ಹೆಸರು ಹಿಡಿದು ಕರೆಯಲು ಶುರುಮಾಡುತ್ತಾರೋ ಅಲ್ಲಿಂದಲೇ ನದಿಯೂ ಶುರು ಎಂದವರು ನೀವೋ, ನಿಮ್ಮ ತಂದೆಯೋ, ಈಗ ಸರಿಯಾಗಿ ನೆನಪಿಲ್ಲ. ಮೂವರೂ ಸೇತುವೆಯ ಮೇಲೆ ನಿಂತಿದ್ದೆವು, ಕೆಳಗೆ ನೀರು ಕೆಂಪಾಗಿತ್ತು, ಅಷ್ಟು ನೆನಪಿದೆ. ಆ ಮಾತಿಗೆ ಇನ್ನೊಂದು ತುದಿಯೂ ಇತ್ತು, ಗಾಳಿಯಲ್ಲಿ ಹೋಯಿತು. ಆಗ ಅದು ಜಾಣ ಮಾತು ಅನ್ನಿಸಿತ್ತು. ಈಗ ನನ್ನ ಕೆಲಸಕ್ಕೆ ಅಡ್ಡ ನಿಂತಿದೆ.

ಶಾಲೆಯ ಉದ್ದನೆಯ ಗೋಡೆಗೆ ನಮ್ಮ ದ್ವೀಪದ ರೇವಾ ನದಿಯ ನಕ್ಷೆ ಬರೆಯುತ್ತಿದ್ದೇನೆ. ಭೂಗೋಳದ ಟೀಚರು ಎಂದಮೇಲೆ ಬಣ್ಣದ ಡಬ್ಬಿಯೂ ನನ್ನ ತಲೆಗೇ ಬಂತು. ಕಡಲಿನ ಕಡೆ ಕಷ್ಟವಾಗಲಿಲ್ಲ. ನಿಮ್ಮ ಊರಿನ ಕಾಂಡ್ಲಾ ಕಾಡು, ಕವಲೊಡೆದು ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಅಲೆಯುವ ಆ ತೊರೆಗಳು, ಇವನ್ನೆಲ್ಲ ಕೈ ತಾನಾಗಿ ಬರೆಯಿತು. ಮೇಲಕ್ಕೆ ಬಂದರೆ ಮೊದಲು ವೈಮನು ಹೊಳೆ ಸೇರುತ್ತದೆ, ಆಮೇಲೆ ವೈಡಿನಾ. ಇನ್ನೂ ಮೇಲೆ ವೈನಿಬುಕಾ, ವೈನಿಮಾಲಾ ಎರಡೂ ಕೂಡುವಲ್ಲಿ ನನ್ನ ಕುಂಚ ನಿಂತುಬಿಟ್ಟಿತು. ಅಲ್ಲಿಂದ ಕೆಳಗೆ ರೇವಾ. ಅಲ್ಲಿಂದ ಮೇಲೆ ರೇವಾ ಎಂಬುದೇ ಇಲ್ಲ. ಯಾವುದನ್ನು ದಪ್ಪಗೆ ಬರೆಯಬೇಕು? ಉದ್ದವಾಗಿರುವುದನ್ನೋ, ನೀರು ಹೆಚ್ಚಿರುವುದನ್ನೋ? ಬಣ್ಣ ಕಲಸಿಕೊಡುತ್ತಿದ್ದ ವಿದ್ಯಾರ್ಥಿನಿಯೊಬ್ಬಳು, "ಟೀಚರ್, ಮದುವೆಯಾದ್ರೆ ಒಬ್ರ ಹೆಸರು ತಾನೇ ಹೋಗೋದು? ಇಲ್ಲಿ ಇಬ್ರದ್ದೂ ಯಾಕೆ ಹೋಯ್ತು?" ಎಂದಳು. ಉಳಿದವರು ನಕ್ಕರು. ನಾನು ಕುಂಚ ತೊಳೆದಿಟ್ಟೆ.

ಕಣ್ಣಾರೆ ನೋಡಿಬರೋಣವೆಂದು ಹೋದ ಶನಿವಾರ ದೋಣಿ ಹತ್ತಿದೆ. ತೊರಿಕಾಳೂ ಬಂದಳು. ಅವಳು ಬಂದದ್ದು ನದಿ ನೋಡಲು ಅಲ್ಲ, ಅದನ್ನು ಇಲ್ಲೇ ಹೇಳಿಬಿಡುತ್ತೇನೆ. ಅವಳಿಗೆ ನರ್ಸ್ ಕೆಲಸದ ಆದೇಶ ಬಂದಿದೆ. ಆಗಸ್ಟ್ ಮೊದಲ ವಾರ ಸೇರಬೇಕು. ಹಾಕಿರುವುದು ನನ್ನ ತವರೂರಿನ ದವಾಖಾನೆಗೆ.

ಬೇರೆ ಯಾವ ಊರಾಗಿದ್ದರೂ ಗಂಟು ಕಟ್ಟಿಕೊಂಡು ಹೊರಟುಬಿಡುತ್ತಿದ್ದಳು. ಮುಖ ತೋರಿಸುವ ಶಾಸ್ತ್ರ ಆಗದೆ ಈ ಊರಿಗೆ ಅವಳು ಕಾಲಿಡುವ ಹಾಗಿಲ್ಲ. ಇಷ್ಟು ದೊಡ್ಡವಳಾದರೂ ಅವಳ ಮುಖವನ್ನು ಅಲ್ಲಿಗೆ ಒಯ್ದು ತೋರಿಸಿಲ್ಲ. ಒಯ್ಯಬೇಕಾದವರು ತಂದೆಯ ಕಡೆಯವರು. ಚಾಪೆ, ಕುಟ್ಟಿ ಕಲಸಿ ಕುಡಿಯುವ ಯಂಗೋನದ ಬೇರು, ಎಲ್ಲಕ್ಕಿಂತ ಮೊದಲು ತಿಮಿಂಗಿಲದ ಹಲ್ಲು ಹಿಡಿದುಕೊಂಡು, ಇದು ನಿಮ್ಮ ಮನೆಮಗಳ ಮಗು ಎನ್ನಬೇಕಾದವರು ನೀವು. ಮೊದಲ ಸಲ ದಿನ ಗೊತ್ತುಮಾಡಿದಾಗ ನೆರೆ ಬಂತು. ಮುಂದಿನ ಸಲ ನಿಮ್ಮ ತಂದೆ ತೀರಿಕೊಂಡರು. ಅದರ ಮುಂದಿನ ಸಲ ನೀವು ಮನೆ ಬಿಟ್ಟು ಲೌಟೋಕಾಕ್ಕೆ ಹೋದಿರಿ. ಇದನ್ನು ದೂರು ಎಂದು ಓದಬೇಡಿ. ಒಂದಾದ ಮೇಲೆ ಒಂದು ಹಾಗೆ ಆಯಿತು, ಅಷ್ಟೇ.

ದೋಣಿ ನಮ್ಮ ಸೋದರತ್ತೆಯ ಮಗ ಅಪಕುಕಿಯದು. ಸಂಗಮದಲ್ಲಿ ವೈನಿಬುಕಾ ಹಸಿರಾಗಿತ್ತು. ವೈನಿಮಾಲಾ ಹಾಲು ಹೆಚ್ಚಾದ ಚಹಾದ ಹಾಗಿತ್ತು, ಮೇಲೆಲ್ಲೋ ಮಳೆಯಾಗಿರಬೇಕು. ಎಂಜಿನ್ ನಿಲ್ಲಿಸಿ ಸ್ವಲ್ಪ ಕೆಳಗೆ ತೇಲಿಬಿಡು ಎಂದೆ.

"ಪೆಟ್ರೋಲು ಸುಟ್ಕೊಂಡು ಮೇಲೆ ಬಂದು, ಈಗ ಕೆಳಗೆ ತೇಲೋದಾ?" ಎಂದ. "ಟೀಚರಮ್ಮ, ಕೆಳಗೆ ಹೋಗೋದು ನದಿಗೆ ಗೊತ್ತಿದೆ. ನೀನು ಪಾಠ ಹೇಳ್ಬೇಕಾಗಿಲ್ಲ."

ಆದರೂ ತೇಲಿಬಿಟ್ಟ. ಕೂಡಿದ ಮೇಲೂ ಎರಡು ನೀರು ಬಹಳ ದೂರ ಪಕ್ಕಪಕ್ಕದಲ್ಲೇ ಬೇರೆಯಾಗಿ ಹರಿದವು. ನಡುವೆ ನೊರೆ, ಕಡ್ಡಿ, ಎಲೆಗಳ ಒಂದು ಗೆರೆ. ಎರಡು ಕಡೆಗೂ ಕೈ ಅದ್ದಿದೆ. ಹಸಿರು ನೀರು ಸ್ವಲ್ಪ ಬೆಚ್ಚಗಿತ್ತು. ಎಲ್ಲಿ ಬೆರೆಯುತ್ತವೆಂದು ಕಣ್ಣು ನೆಟ್ಟು ಕೂತಿದ್ದೆ. ತಿರುವಿನಲ್ಲಿ ತೊರಿಕಾ ಏನೋ ಕೇಳಿದಳು, ಅವಳ ಕಡೆ ತಿರುಗಿ ಉತ್ತರ ಹೇಳಿ ಮತ್ತೆ ನೋಡಿದರೆ ಬೆರೆತುಹೋಗಿದ್ದವು.

ಆಮೇಲೆ ವೈನಿಮಾಲಾದ ಮೇಲೆ ನಮ್ಮೂರ ಹಳ್ಳ ಬಂದು ಸೇರುವವರೆಗೆ ಹೋಗುವುದು, ಇಳಿಯದೆ ತಿರುಗಿಬರುವುದು ಎಂದು ಮಾತಾಗಿತ್ತು. ಊರು ಕಾಣುತ್ತಲೇ ತೊರಿಕಾ ಕರಿಯ ಕೊಡೆ ಬಿಚ್ಚಿ ಮುಖ ಮುಚ್ಚಿಕೊಂಡು ಕೂತಳು. ಹಳ್ಳದ ಬಾಯಲ್ಲಿ ನನ್ನ ಅಣ್ಣ ಪೆದೆಲಿ ಕೆಸುವಿನ ಗಡ್ಡೆ ತೊಳೆಯುತ್ತಿದ್ದ. ಪಕ್ಕದಲ್ಲಿ ಅವನ ನಾಯಿ. ನಮ್ಮಲ್ಲಿ ಅಣ್ಣ ತಂಗಿ ನೇರವಾಗಿ ಮಾತಾಡುವಂತಿಲ್ಲವಲ್ಲ, ಅವನು ನನ್ನತ್ತ ನೋಡಲೂ ಇಲ್ಲ. ಅಪಕುಕಿಯನ್ನು ಛೇಡಿಸಲು ಶುರುಮಾಡಿದ.

"ಏನೋ ಭಾವ, ಏನು ತುಂಬ್ಕೊಂಡು ಹೊರಟಿದ್ದೀಯ? ಏಡಿ ಇದ್ಯಾ?"

"ಏಡಿ ಇಲ್ಲ ಭಾವ, ಏಡಿ ತಿನ್ನೋರು ಇದ್ದಾರೆ. ಬೇಕಾ?"

"ನಿನ್ನ ಮುಖ ನೋಡಿಯೂ ಜನ ದೋಣಿ ಹತ್ತುತ್ತಾರಲ್ಲ, ಅದೇ ದೊಡ್ಡದು. ಆ ಕೊಡೆ ಕೆಳಗೆ ಯಾರು?"

"ಯಾರೂ ಇಲ್ಲ. ಕೊಡೆ ಒಂದೇ ಬಂದಿದೆ."

"ಕೊಡೆಗೆ ಕಾಲಿದೆ ಕಣೋ!"

ಕೊಡೆ ನಗುವಿನಿಂದ ಅಲುಗುತ್ತಿತ್ತು. ಅಪಕುಕಿಯೂ ನಗುತ್ತ ದಾರಿ ನೋಡಲಿಲ್ಲ. ದೋಣಿ ಹಳ್ಳದ ಬಾಯಿಯ ಕಲ್ಲುದಿಣ್ಣೆಗೆ ಏರಿ ಕೂತಿತು. ಅವನು ಬಿದಿರ ಕೋಲು ಊರಿ ತಳ್ಳಿದ, ಅಲುಗಲಿಲ್ಲ. ನಾನು ಇಳಿಯಬಹುದಿತ್ತು, ನನ್ನದೇ ಊರು. ನಾನು ಸಾವರಿಸಿಕೊಂಡು ಏಳುವಷ್ಟರಲ್ಲಿ ತೊರಿಕಾ ಒಂದು ಕೈಯಲ್ಲಿ ಕೊಡೆ ಹಿಡಿದುಕೊಂಡೇ ಹಾರಿ, ಮೊಣಕಾಲುದ್ದ ನೀರಲ್ಲಿ ನಿಂತು ದೋಣಿ ತಳ್ಳಲು ಶುರುಮಾಡಿದಳು. ದವಾಖಾನೆಗಳಲ್ಲಿ ಓಡಾಡಿದ ಹುಡುಗಿ, ಏನಾದರೂ ಸಿಕ್ಕಿಕೊಂಡರೆ ಕೈ ಮೊದಲು ಹೋಗುತ್ತದೆ. ಕಾಲಿಟ್ಟದ್ದು ಎಲ್ಲಿಗೆಂದು ಆಮೇಲೆ ಅವಳಿಗೂ ಗೊತ್ತಾಯಿತು. ನಿಂತಲ್ಲೇ ನಿಂತಳು.

ಅಪಕುಕಿಯೇ ಮೊದಲು ಬಾಯಿಬಿಟ್ಟ. "ಭಾವ, ಅವಳು ನಿಂತಿರೋದು ನೀರಲ್ಲಿ. ನೀರು ಯಾರಪ್ಪಂದೂ ಅಲ್ಲ."

"ಒಪ್ಪಿದೆ. ಕೆಳಗಿರೋ ಕಲ್ಲು?"

"ಕಲ್ಲು ಹೋದ ವರ್ಷ ಇಲ್ಲಿರ್ಲಿಲ್ಲ. ನೆರೆ ತಂದು ಹಾಕಿದ್ದು."

"ಎಲ್ಲಿಂದ ತಂತು?"

"ಮೇಲಿಂದ."

"ಮೇಲೆ ಯಾರ ನೆಲ?"

"ನಿಮ್ದೇ."

"ಹಾಂ!"

ನಿಜ ಹೇಳಬೇಕೆಂದರೆ ನನಗೆ ಆಗ ಭಯಕ್ಕಿಂತ ಕುತೂಹಲವೇ ಹೆಚ್ಚಾಗಿತ್ತು. ಗೋಡೆಯ ಮೇಲೆ ದಡ ಅಂದರೆ ಒಂದು ಗೆರೆ. ಇಲ್ಲಿ ನೀರಿನೊಳಗೆ ಕಲ್ಲು, ಕಲ್ಲಿನ ನಡುವೆ ನೀರು, ಆಚೆ ಒದ್ದೆ ಮರಳು, ಅದರಾಚೆ ಹುಲ್ಲು. ಊರು ಎಲ್ಲಿ ಶುರುವಾಗುತ್ತದೆ? ಪೆದೆಲಿ ಕೊಕ್ಕರೆಯ ಹಾಗೆ ಒಂದೇ ಕಾಲಿನ ಮೇಲೆ ಭಾರ ಬಿಟ್ಟು ಯೋಚಿಸಿದ. ಆಮೇಲೆ ನಾಯಿಯ ಕಡೆ ತಿರುಗಿ ಹೇಳಿದ:

"ನೋಡಪ್ಪಾ, ಈ ಕಲ್ಲು ಇನ್ನೂ ಪ್ರಯಾಣದಲ್ಲಿದೆ. ಮುಂದಿನ ನೆರೆಗೆ ಇನ್ನೂ ಕೆಳಗೆ ಹೋಗುತ್ತೆ. ಅದೇ ಎಲ್ಲೂ ತಲುಪಿಲ್ಲ ಅಂದ್ಮೇಲೆ ಅದರ ಮೇಲೆ ನಿಂತೋರು ಎಲ್ಲಿ ಬಂದ ಹಾಗಾಯ್ತು?"

ನಾಯಿ ಒಪ್ಪಿತು. ಅಪಕುಕಿ ಜೋರಾಗಿ ಉಸಿರುಬಿಟ್ಟ. ಪೆದೆಲಿ ಅವನಿಗೆ ಕೇಳುವ ಹಾಗೆ ಇನ್ನೊಂದು ಮಾತು ಸೇರಿಸಿದ. "ಕೊಡೆಗೆ ಹೇಳು ಭಾವ. ಆಗಸ್ಟಿಗೆ ಅದು ನಮಗೆಲ್ಲ ಸೂಜಿ ಚುಚ್ಚೋಕೆ ಬರುತ್ತಂತೆ, ಸುದ್ದಿ ಬಂದಿದೆ. ಬರ್ಲಿ. ಆದ್ರೆ ಮುಖ ತರದೆ ಬಂದ ಕೈಯಿಂದ ನಾನು ಚುಚ್ಚಿಸ್ಕೊಳ್ಳಲ್ಲ."

ಹಿಂದಿರುಗುವಾಗ ಸಂಗಮ ದಾಟಿದ ಮೇಲೆ ತೊರಿಕಾ ಕೊಡೆ ಮಡಚಿದಳು. ಆಮೇಲೆ, "ಅಮ್ಮ, ಮಾವನ ಮುಖ ನಾನೂ ನೋಡ್ಲಿಲ್ಲ" ಎಂದಳು. "ಕೊಡೆ ಕೆಳಗಿಂದ ಕಾಲಷ್ಟೇ ಕಾಣ್ತಿತ್ತು. ಎಡಗಾಲಿಗೆ ಬಟ್ಟೆ ಸುತ್ಕೊಂಡಿದ್ದಾನೆ. ಹೆಬ್ಬೆರಳು ಕಪ್ಪಾಗಿದೆ. ಅದು ಸಕ್ಕರೆ ಕಾಯಿಲೆ ಹುಣ್ಣು. ದಿನಾ ತೊಳೆದು ಕಟ್ಟೋರು ಬೇಕು. ಹೀಗೇ ಬಿಟ್ರೆ ಮೊದಲು ಬೆರಳು, ಆಮೇಲೆ ಕಾಲು." ಆಸ್ಪತ್ರೆಗೆ ಕರೆತರಬಾರದೇ ಎಂದೆ. ಅಪಕುಕಿ ನಕ್ಕ. "ಅವನಾ? ಅವನಿಗೆ ಆಸ್ಪತ್ರೆ ಅಂದ್ರೆ ಸ್ಮಶಾನದ ವರಾಂಡ."

ಈಗ ಕೇಳಬೇಕಾದದ್ದು. ನಿಮ್ಮ ತಮ್ಮಂದಿರ ಬಳಿ ಹೋಗಿದ್ದೆ. ಚಾಪೆ ನೇಯಿಸುತ್ತೇವೆ, ಹಂದಿ ಕೊಡುತ್ತೇವೆ, ಆದರೆ ಅಣ್ಣನಿಲ್ಲದೆ, ಹಲ್ಲಿಲ್ಲದೆ ಅಲ್ಲಿ ಬಾಯಿಬಿಡುವುದು ಹೇಗೆ ಅತ್ತಿಗೆ ಎಂದರು. ಆ ತಿಮಿಂಗಿಲದ ಹಲ್ಲು ನಿಮ್ಮಲ್ಲಿದೆ. ನಿಮ್ಮ ತಂದೆ ತೊರಿಕಾಳಿಗೆಂದು ಎಣ್ಣೆ ಸವರಿ ಇಟ್ಟಿದ್ದದ್ದು. ನೀವು ಹೋಗುವಾಗ ಅಂಗಿಗಳಲ್ಲಿ ಅರ್ಧ ಇಲ್ಲೇ ಬಿಟ್ಟಿರಿ, ಕನ್ನಡಕವನ್ನೂ ಬಿಟ್ಟಿರಿ, ಅದನ್ನು ಮಾತ್ರ ಒಯ್ದಿರಿ. ಯಾಕೆಂದು ಆಗ ಕೇಳಲಿಲ್ಲ. ಇದು ಎಂದಿಗೂ ನಡೆಯಬಾರದೆಂದೋ, ನೀವಿಲ್ಲದೆ ನಡೆಯಬಾರದೆಂದೋ? ಎರಡೂ ಬೇರೆ ಬೇರೆ, ಆದರೆ ಹೊರಗಿನಿಂದ ನೋಡಿದರೆ ಒಂದೇ ಥರ ಕಾಣುತ್ತವೆ. ಯಾವುದೆಂದು ತಿಳಿಯುವ ಆಸೆ ನನಗೆ ನಿಜಕ್ಕೂ ಇದೆ, ಸಿಟ್ಟಿನಿಂದಲ್ಲ.

ಹಲ್ಲು ತರುವುದು ಎಂದರೆ ವಾಪಸು ಬರುವುದು ಎಂದು ಯಾರೂ ತಿಳಿಯುವುದಿಲ್ಲ. ನಾನೂ ತಿಳಿಯುವುದಿಲ್ಲ. ಮೇಲೆ ಹೋಗಿ, ಕೊಟ್ಟು, ಅವರು ಕೊಟ್ಟ ಯಂಗೋನ ಕುಡಿದು, ಮರುದಿನ ಬಸ್ಸು ಹಿಡಿಯಬಹುದು. ದೋಣಿಯಲ್ಲಿ ನಾನು ಹಿಂದಿನ ಹಲಗೆಯ ಮೇಲೆ ಕೂರುತ್ತೇನೆ.

ಗೋಡೆಯ ಕೆಲಸ ಹಾಗೇ ಇದೆ. ಕಾಗದವನ್ನು ನಾಳೆ ಬೆಳಗಿನ ಬಸ್ಸಿನವನ ಕೈಯಲ್ಲಿ ಕೊಡುತ್ತೇನೆ, ಅಂಚೆಗಿಂತ ಅವನೇ ಬೇಗ.

ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ ಎಂದು ಬರೆಯುವ ರೂಢಿ; ಈ ಸಲ ಅದನ್ನು ಬಿಡುತ್ತೇನೆ.

ತೊರಿಕಾಳ ತಾಯಿ,
ಉನಾಯಿಸಿ

ಮರೆತದ್ದಲ್ಲ, ಈಗ ತಾನೇ ತಿಳಿದದ್ದು: ಲಕೋಟೆಗೆ ಅಂಟು ಹಚ್ಚುವಾಗ ಅಪಕುಕಿ ಬಂದ. ಪೆದೆಲಿ ಬಿದಿರು ಕಡಿಸಿ ತೆಪ್ಪ ಕಟ್ಟಿಸುತ್ತಿದ್ದಾನಂತೆ. "ಮುಖ ಮೇಲೆ ಬರಲ್ಲ ಅಂದ್ರೆ ನಾನೇ ಕೆಳಗೆ ಹೋಗಿ ನೋಡ್ತೀನಿ" ಎಂದು ಊರಿಗೆಲ್ಲ ಹೇಳಿಕೊಂಡಿದ್ದಾನೆ. ತಾಯಿಯ ಕಡೆಯವರು ಹೀಗೆ ಇಳಿದುಬಂದದ್ದನ್ನು ನಾನಂತೂ ಕೇಳಿಲ್ಲ, ನಿಮ್ಮ ಊರಿಗೆ ಅದು ಎಂಥ ಅವಮಾನವೆಂದು ನಿಮಗೆ ಹೇಳಬೇಕಾಗಿಲ್ಲ. ಆ ಕಾಲು ಎರಡು ದಿನ ಹಗಲೂ ರಾತ್ರಿ ನೀರಿನಲ್ಲಿ ನೆನೆಯುತ್ತದೆ. ತೆಪ್ಪ ಕೆಳಗೆ ಬರುತ್ತದೆಯೇ ಹೊರತು ಮೇಲೆ ಹೋಗುವುದಿಲ್ಲ. ಬರುವ ಶನಿವಾರ ಅವನು ನಿಮ್ಮೂರ ಮನೆಯ ಹಿಂದಿನ ಕಟ್ಟೆಗೆ ತೆಪ್ಪ ತಂದು ನಿಲ್ಲಿಸಿ, ಇಳಿಯಲು ಕೈ ಚಾಚಿದಾಗ, ಅಲ್ಲಿ ಹಲ್ಲು ಹಿಡಿದು ನಿಂತಿರುವವರು ಯಾರು?