ಹೊಳೆಯಾಚೆ ಸಲ್ಲದ ಪರವಾನಗಿ

ಕ್ರೆಸ್ಲರ್ ಫೋರ್ಡ್, ವೆಸ್ಟ್ ವರ್ಜೀನಿಯಾ
೯ ಸೆಪ್ಟೆಂಬರ್ ೨೦೧೮, ಭಾನುವಾರ

ನನ್ನ ನೆಡ್ರಾ,

ನಿನ್ನ ಮೂರು ಕಾಗದಗಳೂ ಬಂದಿವೆ. ಮೂರನ್ನೂ ಅಡುಗೆಮನೆಯ ಕಿಟಕಿಗೆ ಒರಗಿಸಿ ಇಟ್ಟಿದ್ದೇನೆ. ಪಾತ್ರೆ ತೊಳೆಯಲು ನಿಂತಾಗಲೆಲ್ಲ ನೀನೇ ಎದುರು ನಿಂತು "ಏನೇ, ಕೈಗೆ ಲಕ್ವ ಹೊಡೆದಿದೆಯಾ?" ಎಂದು ಕೇಳಿದ ಹಾಗಾಗುತ್ತದೆ. ತಡವಾದದ್ದಕ್ಕೆ ಬೈಯಬೇಕೆನಿಸಿದರೆ ಬೈದುಬಿಡು, ಆಮೇಲೆ ಹೊಟ್ಟೆಗೆ ಹಾಕಿಕೊ. ಅರಿಜೋನಾದ ಬಿಸಿಲು ನಿನ್ನ ಮಂಡಿಗೆ ಹಿಡಿಸಿದೆ ಎಂದು ಓದಿ ಸಮಾಧಾನವಾಯಿತು. ಇಲ್ಲಿ ಆಗಲೇ ಬೆಳಗಿನ ಹೊತ್ತು ಹೊಳೆಯಿಂದ ಮಂಜು ಏಳುತ್ತಿದೆ. ಜಿಂಕೆ ಬೇಟೆಗೆ ಇನ್ನೂ ಎರಡು ತಿಂಗಳಿದ್ದರೂ ಗಂಡಸರು ಈಗಲೇ ಬಂದೂಕಿಗೆ ಎಣ್ಣೆ ಹಾಕುತ್ತ ಕೂತಿದ್ದಾರೆ.

ಪಿಸ್ತೂಲು ಕ್ಲಾಸು ಯಾಕೆ ನಿಲ್ಲಿಸಿದೆ, ಕಣ್ಣು ಮಂಜಾಯಿತಾ ಎಂದು ಕೇಳಿದ್ದೀಯ. ಕಣ್ಣು ಚೆನ್ನಾಗಿಯೇ ಇದೆ. ಈಗಲೂ ಇಪ್ಪತ್ತೈದು ಹೆಜ್ಜೆಯಿಂದ ಡಬ್ಬ ಉರುಳಿಸಬಲ್ಲೆ. ನಾವಿಬ್ಬರೂ ಸೇರಿ ಅಗ್ನಿಶಾಮಕದವರ ಹಾಲ್‌ನಲ್ಲಿ ಆ ಕ್ಲಾಸು ಶುರು ಮಾಡಿದಾಗ ಬಂದವರು ಆರು ಹೆಂಗಸರು. ನೀನು ಹೋದ ಮೇಲೆ ಅದು ಮೂವತ್ತು ಮೂವತ್ತೈದಕ್ಕೆ ಏರಿತ್ತು. ನಮ್ಮ ರಾಜ್ಯದಲ್ಲಿ ಪಿಸ್ತೂಲು ಮರೆಯಲ್ಲಿಟ್ಟುಕೊಂಡು ಓಡಾಡಲು ಈಗ ಪರವಾನಗಿಯೇ ಬೇಕಿಲ್ಲ, ನಿನಗೂ ಗೊತ್ತು. ಆದರೂ ಜನ ಬರುತ್ತಿದ್ದರು. ಯಾಕೆಂದರೆ ಕ್ಲಾಸು ಮುಗಿಸಿ ಪಡೆಯುವ ಪರವಾನಗಿ ಕಾರ್ಡು ಕೈಯಲ್ಲಿದ್ದರೆ ಓಹಾಯೋ ಒಪ್ಪುತ್ತದೆ, ವರ್ಜೀನಿಯಾ ಒಪ್ಪುತ್ತದೆ, ಪೆನ್ಸಿಲ್ವೇನಿಯಾ ಒಪ್ಪುತ್ತದೆ. ಒಪ್ಪದಿರುವುದು ನನ್ನ ಮನೆಯ ಜಗಲಿಯಿಂದ ಕಲ್ಲೆಸೆದರೆ ಬೀಳುವಷ್ಟು ಹತ್ತಿರದ ಆಚೆ ದಡ, ಮೇರಿಲ್ಯಾಂಡು. ಅವರು ಯಾವ ರಾಜ್ಯದ ಕಾರ್ಡನ್ನೂ ಮಾನ್ಯ ಮಾಡುವುದಿಲ್ಲ. ಕಾರು ಓಡಿಸುವ ಲೈಸೆನ್ಸು ಸೇತುವೆ ದಾಟುತ್ತದೆ, ಮದುವೆಯ ಕಾಗದ ದಾಟುತ್ತದೆ, ಇದು ಮಾತ್ರ ಸೇತುವೆಯ ಅರ್ಧದಲ್ಲೇ ಸತ್ತುಹೋಗುತ್ತದೆ.

ನನ್ನ ಮಗಳ ಬಗ್ಗೆ, ಮರ್ಲಾ ಬಗ್ಗೆ ನಿನಗೆ ಯಾರೂ ಹೇಳಿಲ್ಲವೆಂದು ಕಾಣುತ್ತದೆ. ಹೇಳಿದ್ದರೆ ನೀನು ಕಣ್ಣಿನ ವಿಷಯ ಕೇಳುತ್ತಿರಲಿಲ್ಲ.

ಅವಳು ಗಂಡ ಕರ್ಟಿಸ್‌ನನ್ನು ಬಿಟ್ಟಿದ್ದು ನಿನಗೆ ಗೊತ್ತು. ಅವನು ಅವಳ ಮಣಿಕಟ್ಟು ಮುರಿದದ್ದೂ ಗೊತ್ತು. ಹತ್ತಿರ ಬರಬಾರದೆಂದು ಕೋರ್ಟು ಕೊಟ್ಟಿದ್ದ ಆಜ್ಞೆಯ ಅವಧಿ ಮುಗಿದ ಮರುವಾರವೇ ಅವನು ಅವಳ ಕೆಲಸದ ಜಾಗದ ಕಾರು ನಿಲ್ದಾಣದಲ್ಲಿ ಬಂದು ನಿಂತ. ಅವಳು ಕೆಲಸ ಮಾಡುತ್ತಿದ್ದದ್ದು ಆಚೆ ದಡದ ವೃದ್ಧಾಶ್ರಮದಲ್ಲಿ. ಮುದುಕರಿಗೆ ಸ್ನಾನ ಮಾಡಿಸುವುದು, ಊಟ ಮಾಡಿಸುವುದು. ಕರ್ಟಿಸ್ ಕಾರಿಗೆ ಒರಗಿಕೊಂಡು ಸೇಬು ತಿನ್ನುತ್ತ ಅವಳನ್ನೇ ನೋಡಿದನಂತೆ. ಅವತ್ತು ಸಂಜೆ ಬಂದು, "ಅಮ್ಮ, ನಂಗೂ ಕಲಿಸು" ಅಂದಳು. ಆ ಹುಡುಗಿ ಚಿಕ್ಕಂದಿನಲ್ಲಿ ಪಟಾಕಿ ಸದ್ದಿಗೂ ಮೇಜಿನ ಕೆಳಗೆ ತೂರಿಕೊಳ್ಳುತ್ತಿದ್ದಳು.

ಕಲಿತಳು. ಪರೀಕ್ಷೆ ಪಾಸಾದಳು, ಷೆರಿಫ್ ಕಚೇರಿಯಿಂದ ಕಾರ್ಡು ಬಂತು. ದಿನಾ ಬೆಳಿಗ್ಗೆ ಮಗಳು ಹಾಲಿಯನ್ನು ನನ್ನ ಮನೆಗೆ ಕರೆತಂದು ಬಿಟ್ಟು, ಪಿಸ್ತೂಲನ್ನು ನನ್ನ ಕೈಗೆ ಕೊಟ್ಟು, ಬರಿಗೈಯಲ್ಲಿ ಸೇತುವೆ ದಾಟಿ ಕೆಲಸಕ್ಕೆ ಹೋಗುತ್ತಿದ್ದಳು. ಮಧ್ಯಾಹ್ನ ವಾಪಸು ಬಂದು ಎರಡನ್ನೂ ಕರೆದುಕೊಂಡು ಹೋಗುತ್ತಿದ್ದಳು. ನಾನು ತಮಾಷೆ ಮಾಡುತ್ತಿದ್ದೆ, "ಇದೇನೇ, ಒಂದು ಮಗು, ಒಂದು ಪಿಸ್ತೂಲು, ಎರಡೂ ನನ್ನ ಸೊಂಟಕ್ಕೇ ಕಟ್ಟಿ ಹೋಗ್ತೀಯಲ್ಲ!" ಅವಳು ನಗುತ್ತಿದ್ದಳು. "ಮಗೂಗೆ ಹಾಲು ಕೊಡು, ಅದಕ್ಕೆ ಏನೂ ಬೇಡ." ಅಷ್ಟು ಕಟ್ಟುನಿಟ್ಟಿನವಳು, ನೆಡ್ರಾ. ಆದರೆ ಅವನು ಕಾಯುತ್ತಿದ್ದದ್ದು ಆಚೆ ದಡದಲ್ಲಿ. ಬೇಕಾದ ಕಡೆ ಇಟ್ಟುಕೊಳ್ಳುವ ಹಾಗಿಲ್ಲ, ಬೇಡದ ಕಡೆ ಎಷ್ಟು ಬೇಕಾದರೂ ಇಟ್ಟುಕೊ!

ಕಳೆದ ಡಿಸೆಂಬರಿನಲ್ಲಿ ರಾಜಧಾನಿಯಿಂದ ಸುದ್ದಿ ಬಂತಲ್ಲ, ಒಂದು ರಾಜ್ಯದ ಪರವಾನಗಿಯನ್ನು ಎಲ್ಲ ರಾಜ್ಯಗಳೂ ಒಪ್ಪಬೇಕೆಂಬ ಮಸೂದೆ ಕೆಳಮನೆಯಲ್ಲಿ ಗೆದ್ದಿತು ಎಂದು. ನಿಮ್ಮಲ್ಲೂ ರೇಡಿಯೋದಲ್ಲಿ ಹೇಳಿರಬೇಕು. ಇಲ್ಲಿ ಹಬ್ಬ. ಆ ವಾರ ಕ್ಲಾಸಿಗೆ ಯಾರೋ ತಿನ್ನಲು ಪೆಪ್ಪರೋನಿ ರೋಲು ಡಬ್ಬಗಟ್ಟಲೆ ತಂದಿದ್ದರು. ಹಳೇ ಟ್ರಕ್ ಡ್ರೈವರ್ ಎಲ್ಬರ್ಟ್ ಕುರ್ಚಿ ಮೇಲೆ ಹತ್ತಿ ನಿಂತು, "ನೋಡ್ರಪ್ಪಾ, ಇನ್ಮೇಲೆ ಆ ಮೇರಿಲ್ಯಾಂಡಿನವರ ಮುಂದೆ ಕೈ ಕಟ್ಕೊಂಡು ನಿಲ್ಲೋ ಹಂಗಿಲ್ಲ!" ಎಂದು ಕೂಗಿದ. ಎಲ್ಲರೂ ಚಪ್ಪಾಳೆ ತಟ್ಟಿದರು. ಕೆಳಮನೆಯಲ್ಲಿ ಗೆದ್ದದ್ದು ಇನ್ನೂ ಮೇಲ್ಮನೆಯಲ್ಲಿ ಗೆಲ್ಲಬೇಕು, ಆಮೇಲೆ ಸಹಿ ಬೀಳಬೇಕು, ಅಲ್ಲಿಯವರೆಗೆ ಅದು ಬರೀ ಕಾಗದ. ಆ ಮಾತು ಅವತ್ತು ಯಾರಿಗೂ ಬೇಕಿರಲಿಲ್ಲ. ಮೇಲ್ಮನೆಯಲ್ಲಿ ಅದು ಇವತ್ತಿಗೂ ಧೂಳು ತಿನ್ನುತ್ತ ಬಿದ್ದಿದೆ.

ಮರ್ಲಾಗೆ ಯಾರೋ ಫೋನು ಮಾಡಿ, ಕಾನೂನು ಬದಲಾಯಿತು, ಇನ್ನು ದಾಟಬಹುದು ಎಂದು ಹೇಳಿದರಂತೆ. ಅವಳು ನಂಬಿದಳು.

ಜನವರಿ ಹನ್ನೊಂದನೇ ತಾರೀಕು, ಬೆಳಿಗ್ಗೆ ಏಳು ಗಂಟೆಗೆ ಸೇತುವೆ ಇಳಿದು ಎರಡನೇ ತಿರುವಿನಲ್ಲಿ ಪೊಲೀಸಿನವನು ನಿಲ್ಲಿಸಿದ. ಕಾರಿನ ಹಿಂದಿನ ಒಂದು ದೀಪ ಉರಿಯುತ್ತಿರಲಿಲ್ಲ, ಅಷ್ಟೇ. ಹೊಸ ಬಲ್ಬು ಹಾಕಿಸಿಕೊಳ್ಳಿ ಎಂದು ಹೇಳಿ ಕಳಿಸಿಬಿಡುತ್ತಿದ್ದನೇನೋ. ಆದರೆ ನಾವು ಕಲಿಸಿದ್ದು ಏನು? ಎರಡೂ ಕೈ ಸ್ಟೀರಿಂಗಿನ ಮೇಲೆ ಇಡು, ಮೊದಲು ನೀನೇ ಬಾಯಿಬಿಟ್ಟು ಹೇಳು. ಅವಳು ಹೇಳಿದಳು, "ಸರ್, ನನ್ನ ಬ್ಯಾಗಲ್ಲಿ ಪಿಸ್ತೂಲಿದೆ. ಪರವಾನಗೀನೂ ಇದೆ."

"ಯಾವ ರಾಜ್ಯದ್ದು?"

"ವೆಸ್ಟ್ ವರ್ಜೀನಿಯಾದ್ದು ಸರ್."

"ಅಯ್ಯೋ ಯಾಕಮ್ಮಾ ಹೇಳಿದ್ರಿ?" ಅಂದನಂತೆ ಅವನು. "ಇದು ಮೇರಿಲ್ಯಾಂಡು. ಹೇಳಿಬಿಟ್ರಲ್ಲ, ಇನ್ನು ನಾನು ಬಿಡೋ ಹಾಗಿಲ್ಲ. ಕೆಳಗಿಳೀರಿ."

ಅವನು ಕೆಟ್ಟವನೇನಲ್ಲ. ಬೇಡಿ ಹಾಕುವಾಗ ಮುರಿದು ಕೂಡಿದ ಮಣಿಕಟ್ಟಿನ ಕಡೆ ಸಡಿಲ ಬಿಟ್ಟನಂತೆ. ಹೀಗೆ ಒಳ್ಳೆಯವರೇ ಸೇರಿ ನಮ್ಮನ್ನು ಮುಗಿಸಿದರು.

ಜಾಮೀನಿನ ಮೇಲೆ ಅವತ್ತೇ ಬಂದಳು. ಮುಂದಿನ ವಾರ ವೃದ್ಧಾಶ್ರಮದವರು ಕೆಲಸದಿಂದ ತೆಗೆದರು. ಅಲ್ಲಿಯ ಮೇಲ್ವಿಚಾರಕಿ ಅವಳ ಕೈ ಹಿಡಿದು, "ಮರ್ಲಾ, ನಿನ್ನಂಥವಳು ಮತ್ತೆ ಸಿಗಲ್ಲ ಕಣೇ, ಆದ್ರೆ ಆಯುಧದ ಕೇಸು ಇರೋರನ್ನ ಇಟ್ಕೊಳ್ಳೋ ಹಾಗಿಲ್ಲ" ಎಂದು ಅತ್ತಳಂತೆ. ಅತ್ತು, ಗುರುತಿನ ಚೀಟಿ ಇಸಿದುಕೊಂಡಳು.

ಏಪ್ರಿಲಿನಲ್ಲಿ ವಿಚಾರಣೆ. ಸರ್ಕಾರ ಕೊಟ್ಟ ವಕೀಲೆ ಚುರುಕಾದವಳು. ಗೊತ್ತಿರಲಿಲ್ಲ ಅನ್ನುವುದು ಕಾನೂನಿನಲ್ಲಿ ನೆಪವಲ್ಲ, ಆದರೆ ತಪ್ಪು ತಿಳಿದು ದಾಟಿದಳೆಂದು ಜಡ್ಜಿಗೆ ಮನವರಿಕೆಯಾದರೆ ಶಿಕ್ಷೆಯೂ ಇಲ್ಲದ, ದಾಖಲೆಯಲ್ಲಿ ಕಳಂಕವೂ ಉಳಿಯದ ಒಂದು ದಾರಿಯಿದೆ ಎಂದಿದ್ದಳು. ನಾನೂ ಸಾಕ್ಷಿ ಹೇಳಿದೆ. ಕೇಳಿದ್ದಕ್ಕೆ ಉತ್ತರ ಕೊಟ್ಟು ಇಳಿದು ಬಂದೆ. ಎದುರು ಪಕ್ಷದ ವಕೀಲ ಎದ್ದು, "ಸ್ವಾಮಿ, ಈಕೆ ತಿಂಗಳುಗಟ್ಟಲೆ ಪಿಸ್ತೂಲನ್ನ ತಾಯಿ ಮನೇಲಿ ಬಿಟ್ಟೇ ಸೇತುವೆ ದಾಟ್ತಿದ್ಲು. ಅಂದ್ರೆ ತರಬಾರದು ಅಂತ ಗೊತ್ತಿತ್ತು. ಗೊತ್ತಿದ್ದೂ ತಂದ್ಲು" ಎಂದ. ಅವಳ ಎಚ್ಚರಿಕೆಯನ್ನೇ ಅವಳ ಕೊರಳಿಗೆ ಉರುಳು ಮಾಡಿದ. ಮೂವತ್ತು ದಿನ ಜೈಲು, ಆಮೇಲೆ ಎರಡು ವರ್ಷ ಅಧಿಕಾರಿಗಳ ನಿಗಾ. ಅಲ್ಲಿಂದಲೇ ಕರೆದುಕೊಂಡು ಹೋದರು. ತೊಟ್ಟಿದ್ದ ಹಸಿರು ಸ್ವೆಟರನ್ನು ಬಿಚ್ಚಿ ನನ್ನ ಪಕ್ಕದ ಬೆಂಚಿನ ಮೇಲೆ ಇಟ್ಟಳು. ನನ್ನ ಕೈಗೆ ಕೊಡಲಿಲ್ಲ.

ಕರ್ಟಿಸ್‌ಗೆ ಇದಕ್ಕಿಂತ ಬೇರೆ ಏನು ಬೇಕಿತ್ತು? ಅವಳು ಒಳಗಿದ್ದಾಗಲೇ ಕುಟುಂಬ ನ್ಯಾಯಾಲಯಕ್ಕೆ ಹೋದ. ಇಸ್ತ್ರಿ ಮಾಡಿದ ಅಂಗಿ, ಹೊಸ ಹೆಂಡತಿ, ಕೈಯಲ್ಲಿ ಬೈಬಲ್ಲು. ತಾಯಿ ಅಪರಾಧಿ, ಕೆಲಸವಿಲ್ಲ, ಮಗುವಿರುವ ಮನೆಯಲ್ಲಿ ಪಿಸ್ತೂಲು. ಅವನು ಮೂಳೆ ಮುರಿದದ್ದು ಹಳೆಯ ಮಾತಾಯಿತು. ಮೇ ನಾಲ್ಕಕ್ಕೆ ಬಂದು ಹಾಲಿಯನ್ನು ಕರೆದುಕೊಂಡು ಹೋದ. ಏಳು ವರ್ಷದ ಮಗು ನನ್ನ ಅಡುಗೆಮನೆ ಬಾಗಿಲ ಚೌಕಟ್ಟು ಹಿಡಿದು ನಿಂತಿತು. "ಅಜ್ಜೀ, ನಾನು ಗಲಾಟೆ ಮಾಡಲ್ಲ, ಇಲ್ಲೇ ಇರ್ತೀನಿ" ಅಂದಿತು. ಅವನು ಅದರ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ. ನನ್ನ ಕಡೆ ತಿರುಗಿ, "ಅತ್ತೆ, ನಿಮ್ಮ ಕ್ಲಾಸು ಚೆನ್ನಾಗಿ ನಡೀತಿದೆ ಅಂತ ಕೇಳ್ದೆ. ನಂಗೆ ತುಂಬಾ ಉಪಕಾರ ಆಯ್ತು" ಅಂದ. ಬೀರುವಿನಲ್ಲಿ ಗುಂಡು ತುಂಬಿದ ಪಿಸ್ತೂಲಿತ್ತು, ನೆಡ್ರಾ. ನಲವತ್ತು ವರ್ಷ ಅದನ್ನು ಹಿಡಿದ ಈ ಕೈ ಮಗುವಿನ ಬಟ್ಟೆಯ ಚೀಲ ಎತ್ತಿ ಅವನಿಗೆ ಕೊಟ್ಟಿತು.

ಈಗ ತಿಂಗಳಿಗೆ ಎರಡು ಶನಿವಾರ, ಬೇರೆಯವರ ಕಣ್ಣೆದುರು, ಎರಡು ಗಂಟೆ ಹೊತ್ತು ಮರ್ಲಾ ಮಗುವನ್ನು ನೋಡಬಹುದು. ಅವಳು ಈಗ ಇಲ್ಲಿಲ್ಲ. ದಕ್ಷಿಣಕ್ಕೆ ಒಂದು ಗಂಟೆ ದಾರಿಯಲ್ಲಿರುವ ಕೋಳಿ ಕತ್ತರಿಸುವ ಕಾರ್ಖಾನೆಯಲ್ಲಿ ಕೆಲಸ, ಅಲ್ಲೇ ಒಂದು ಕೋಣೆ. ನಾನು ಫೋನು ಮಾಡಿದರೆ ಎತ್ತುವುದಿಲ್ಲ. ದಣಿದಿರುತ್ತಾಳೆ, ಪಾಪ.

ನಾನು ಮೇ ತಿಂಗಳಲ್ಲೇ ಕ್ಲಾಸಿನ ಹಾಲ್‌ನ ಬೀಗದ ಕೈ ವಾಪಸು ಕೊಟ್ಟೆ. ಎಲ್ಬರ್ಟ್ ಬಂದು, "ಆರ್ಫಾ, ನಿನ್ನ ಮಗಳು ಮಾಡಿದ ತಪ್ಪಿಗೆ ನೀನ್ಯಾಕೆ ಶಿಕ್ಷೆ ಅನುಭವಿಸ್ತೀಯ? ಕ್ಲಾಸು ನಡೆಸು" ಅಂದ. ಅವನ ಮುಖದ ಮೇಲೆ ಬಾಗಿಲು ಹಾಕಿದೆ. ಅವನಿಗೆ ಅದು ಯಾಕೆಂದು ತಿಳಿಯಲಿಲ್ಲ.

ಚರ್ಚಿನಲ್ಲಿ ಎಲ್ಲರೂ ನಿನ್ನನ್ನು ಕೇಳುತ್ತಾರೆ. ನಿನ್ನ ತಂಗಿಗೆ ನನ್ನ ನೆನಪು ಹೇಳು. ದೇವರು ನಿನ್ನ ಮಂಡಿಗೆ ಶಕ್ತಿ ಕೊಡಲಿ, ನಿನ್ನ ಮನೆ ತಣ್ಣಗಿರಲಿ, ನಿನ್ನ ಮಕ್ಕಳ ಮಕ್ಕಳು ನಿನ್ನ ಮಡಿಲಲ್ಲೇ ಬೆಳೆಯಲಿ.

ನಿನ್ನವಳೇ ಆದ,
ಆರ್ಫಾ

ತಾ.ಕ.: ಇದನ್ನು ಬೇರೆ ಹಾಳೆಯಲ್ಲಿ ಬರೆಯುತ್ತಿದ್ದೇನೆ. ಮೇಲಿನದನ್ನು ಮುಗಿಸಿ ಲಕೋಟೆಗೆ ಹಾಕಿ, ಮತ್ತೆ ತೆಗೆದೆ.

ಮರ್ಲಾಗೆ "ಯಾರೋ" ಫೋನು ಮಾಡಿದರು ಎಂದೆನಲ್ಲ. ಮಾಡಿದವಳು ನಾನು. ಕ್ಲಾಸು ಮುಗಿದ ಕೂಡಲೇ, ಹಾಲ್‌ನ ಮೆಟ್ಟಿಲ ಮೇಲೆ ನಿಂತು, "ಗೆದ್ವಿ ಕಣೇ! ಇನ್ಮೇಲೆ ಇಲ್ಲಿ ಬಿಟ್ಟು ಹೋಗೋ ತಾಪತ್ರಯ ಇಲ್ಲ, ಬ್ಯಾಗಲ್ಲೇ ಇಟ್ಕೊಂಡು ಹೋಗು" ಎಂದೆ. "ಅಮ್ಮ, ಖಂಡಿತಾನಾ?" ಎಂದು ಎರಡು ಸಲ ಕೇಳಿದಳು. "ಹನ್ನೊಂದು ವರ್ಷದಿಂದ ಪಾಠ ಮಾಡೋಳು ನಾನಾ ನೀನಾ?" ಎಂದು ರೇಗಿದೆ. ಮೇಲ್ಮನೆಯ ವಿಷಯ ನನಗೆ ಗೊತ್ತಿತ್ತು. ಅದು ಬರೀ ಶಾಸ್ತ್ರ, ವಾರದಲ್ಲಿ ಮುಗಿಯುತ್ತದೆ ಎಂದುಕೊಂಡಿದ್ದೆ.

ಕೋರ್ಟಿನಲ್ಲಿ ಹೇಳುತ್ತೇನೆಂದು ವಕೀಲೆಗೆ ಮಾತು ಕೊಟ್ಟಿದ್ದೆ. ಕಟಕಟೆ ಹತ್ತಿ ನೋಡಿದರೆ ಹಿಂದಿನ ಬೆಂಚಿನಲ್ಲಿ ಎಲ್ಬರ್ಟ್, ಅವನ ಪಕ್ಕ ನನ್ನ ಕ್ಲಾಸಿನ ನಾಲ್ಕು ಜನ. ಆ ಸಂಜೆ ಅವರೂ ನನ್ನ ಬಾಯಿಂದಲೇ ಕೇಳಿದ್ದರು, ಅವರೂ ದಾಟುತ್ತಿದ್ದರು, ಸಿಕ್ಕಿಬಿದ್ದಿರಲಿಲ್ಲ ಅಷ್ಟೇ. "ಈ ಪರವಾನಗಿ ಮೇರಿಲ್ಯಾಂಡಿನಲ್ಲಿ ನಡೆಯುತ್ತೆ ಅಂತ ನೀವು ಮಗಳಿಗೆ ಹೇಳಿದ್ರಾ?" ಎಂದು ವಕೀಲೆ ಕೇಳಿದಳು. ಬೈಬಲ್ಲಿನ ಮೇಲೆ ಕೈಯಿಟ್ಟ ಮೂರು ನಿಮಿಷಕ್ಕೆ, "ಇಲ್ಲ. ನಡೆಯೋದಿಲ್ಲ ಅಂತಲೇ ನಾನು ಎಲ್ಲರಿಗೂ ಕಲಿಸೋದು" ಎಂದೆ. ವಕೀಲೆಯ ಕೈಯಿಂದ ಪೆನ್ನು ಬಿತ್ತು. ಮತ್ತೆ ಸಾಕ್ಷಿ ಕರೆಯೋಣ, ಫೋನಿನ ದಾಖಲೆ ತರಿಸೋಣ ಎಂದು ವಕೀಲೆ ಮರ್ಲಾಳ ಕಿವಿಯಲ್ಲಿ ಹೇಳುತ್ತಿದ್ದದ್ದು ನನಗೂ ಕೇಳಿಸಿತು. "ಬೇಡ, ಬಿಟ್ಬಿಡಿ. ಸುಳ್ಳು ಸಾಕ್ಷಿಗೆ ಅವಳನ್ನೂ ಒಳಗೆ ಹಾಕಿದ್ರೆ ಹಾಲೀನ ನೋಡ್ಕೊಳ್ಳೋರು ಯಾರು?" ಅಂದಳು.

ಜೈಲಿಗೆ ಒಂದೇ ಸಲ ಹೋದೆ. ಗಾಜಿನ ಆ ಕಡೆ ಕೂತು ಫೋನು ಎತ್ತಿಕೊಂಡಳು. "ಏನಾದ್ರೂ ಅನ್ನೇ, ಬೈಯೇ" ಎಂದು ಬೇಡಿಕೊಂಡೆ. "ಹಾಲಿಯ ಮುಂದಿನ ಹಲ್ಲು ಅಲುಗಾಡ್ತಿತ್ತು. ಬಿದ್ದಿರುತ್ತೆ ಈಗ" ಅಂದಳು. ಫೋನು ಇಟ್ಟು ಎದ್ದು ಹೋದಳು. ಅದೇ ಕೊನೆಯ ಮಾತು.

ಜಡ್ಜಿಗೆ ಮೂರು ಸಲ ಕಾಗದ ಬರೆದೆ. ಯಾವುದನ್ನೂ ಅಂಚೆಗೆ ಹಾಕಲಿಲ್ಲ. ನಿನಗಾದರೂ ಹೇಳಿದೆ. ಓದಿದ ಮೇಲೆ ಈ ಹಾಳೆಯನ್ನು ಸುಟ್ಟುಬಿಡು, ನೆಡ್ರಾ. ಮರೆಯಬೇಡ.