ಒಂದೇ ಪಂಕ್ತಿಯಲ್ಲಿ ಎಂಟು ದೇಶ

ಪಾಂಡವಪುರ
೧೬ ನವೆಂಬರ್ ೨೦೨೫, ಭಾನುವಾರ

ಫೋನು ಎತ್ತದ ನನ್ನ ಮಗಳು ಅರ್ಪಿತಳಿಗೆ,

ನಿನ್ನ ಅಮ್ಮನ ಆಶೀರ್ವಾದ. ದೊಡ್ಡವರ ಮುಂದೆ ಹೋಗಿ ಕೈಮುಗಿಯಬೇಡ ಎಂದು ನೀನು ಹೇಳಿದ್ದೆ. ನಾನು ಹೋದೆ ಎಂದು ಯಾರೋ ನಿನ್ನ ಕಿವಿಗೆ ಹಾಕಿದ್ದಾರೆ. ಕೈಯಂತೂ ಮುಗಿಯಲಿಲ್ಲ, ಊಟ ಬಡಿಸಿದೆ, ಅಷ್ಟೇ. ಆದಿಚುಂಚನಗಿರಿ ಕಡೆ ಹೊರಟಿರುವ ನಮ್ಮ ತರಕಾರಿ ಗಾಡಿಯಲ್ಲಿ ಈ ಕಾಗದ ಕಳಿಸುತ್ತಿದ್ದೇನೆ. ಆಸ್ಪತ್ರೆಯ ಡ್ಯೂಟಿ ಮುಗಿಸಿ, ಕೂತು ಓದು.

ನಿನ್ನ ಗಂಡ ದೇವರಾಜು ಅಡಿಗೆ ಮಾಡುವ ಹಡಗಿನ ಮಾಲೀಕ ಕೈಯೆತ್ತಿ ಓಡಿಹೋಗಿ ವರ್ಷವಾಗುತ್ತಾ ಬಂತು. ಹಡಗು ನಿಂತಿರುವುದು ಒಂದು ದೇಶದ ಬಂದರಿನಲ್ಲಿ, ಅದರ ಮೇಲೆ ಹಾರುವುದು ಇನ್ನೊಂದು ದೇಶದ ಬಾವುಟ. ಬಾವುಟದವರನ್ನು ಕೇಳಿ ಎಂದು ಬಂದರಿನವರು, ಬಂದರಿನವರನ್ನು ಕೇಳಿ ಎಂದು ಬಾವುಟದವರು. ಅಳಿಯ ಮತ್ತು ಅವನ ಜೊತೆಯವರು ನೆಲಕ್ಕೆ ಕಾಲಿಡುವಂತಿಲ್ಲ. ಗಡಿಯ ಕೆರೆಯಲ್ಲಿ ಹೆಣ ತೇಲಿದರೆ ಅದು ನಿಮ್ಮ ಸ್ಟೇಷನ್ನಿಗೆ ಸೇರಿದ್ದು ಎಂದು ಕಿತ್ತಾಡುವ ಪೊಲೀಸರನ್ನು ಕಂಡಿದ್ದೇನೆ. ಇವರು ಅವರಿಗಿಂತ ಒಳ್ಳೆಯ ಇಸ್ತ್ರಿ ಬಟ್ಟೆ ಹಾಕುತ್ತಾರೆ, ಬೇರೆ ವ್ಯತ್ಯಾಸ ನನಗೆ ಕಾಣಲಿಲ್ಲ.

ಸಮುದ್ರದ ವಾಸನೆಯೂ ಇಲ್ಲದ ಮೈಸೂರಿನಲ್ಲಿ ಎಂಟು ದೇಶಗಳ ಸಮುದ್ರ ಭದ್ರತೆಯ ಸಂವಾದ ನಡೆಯಿತಲ್ಲ, ಅದರಲ್ಲಿ ಈ ಎರಡೂ ದೇಶದವರು ಇದ್ದರು. ಮಾತಾಡಿ ದಣಿದ ಮಹನೀಯರನ್ನು ಕೊನೆಯ ದಿನ ಶ್ರೀರಂಗಪಟ್ಟಣ ನೋಡಲು ಕರೆತಂದರು. ಹೊಳೆದಂಡೆಯ ತೋಪಿನಲ್ಲಿ ಮಧ್ಯಾಹ್ನದ ಊಟ. ಅಡಿಗೆಯ ಕಂಟ್ರಾಕ್ಟು ನನ್ನ ಬಿಟ್ಟು ಬೇರೆ ಯಾರಿಗೂ ಹೋಗದಂತೆ ನೋಡಿಕೊಂಡೆ. ಹೇಗೆ ಎಂದು ಕೇಳಬೇಡ.

ಬಸ್ ಸ್ಟ್ಯಾಂಡಿನಲ್ಲಿ ಇಡ್ಲಿ ಮಾರಿ ಮೇಲೆ ಬಂದವಳು ನಾನು. ಉಂಡೆದ್ದ ಎಲೆ ನೋಡಿದರೆ ಆಸಾಮಿಯ ಯೋಗ್ಯತೆ ತಿಳಿಯುತ್ತದೆ. ಆ ಎಲೆಗಳನ್ನು ನೀನು ನೋಡಬೇಕಿತ್ತು! ಎದೆ ತುಂಬ ಪದಕ ಹೊತ್ತವನೊಬ್ಬ ಮುದ್ದೆಯನ್ನು ಫೋರ್ಕಿನಿಂದ ಬಾಂಬು ಬಿಚ್ಚುವವನ ಹಾಗೆ ಕೆದಕಿದ. ಇನ್ನೊಬ್ಬ ಅಗಿದು ಅಗಿದು ದವಡೆ ಹಿಡಿದುಕೊಂಡ. ಇವರು ಸಮುದ್ರ ಕಾಯುವವರು.

ಯಾರ ಪಕ್ಕ ಯಾರು ಕೂರಬಾರದು ಎಂದು ವ್ಯವಸ್ಥೆಯ ಅಧಿಕಾರಿ ರವೀಂದ್ರ ಒಂದು ನಕ್ಷೆಯನ್ನೇ ತಂದಿದ್ದ. "ಮಡಿಸಿ ಜೇಬಲ್ಲಿಟ್ಕಳಿ ಸಾರ್, ನಮ್ಮಲ್ಲಿ ಪಂಕ್ತಿ" ಎಂದು ಎಲ್ಲರನ್ನೂ ಒಂದೇ ಸಾಲಿಗೆ ಕೂರಿಸಿದೆ. ಬಂದರಿನವನ ಪಕ್ಕಕ್ಕೇ ಬಾವುಟದವನು.

"ಅಯ್ಯೋ ಪ್ರಮೀಳಮ್ಮ, ಅವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡಲ್ಲ!"

"ನೋಡ್ದಿದ್ರೆ ಎಲೆ ನೋಡ್ಕಂಡು ಉಣ್ಲಿ ಬುಡಿ."

ಸಾಲಿನ ತುದಿಗೆ ನನ್ನ ಚಿಕ್ಕಪ್ಪ, ನಿನ್ನ ಕುಳ್ಳಯ್ಯ ತಾತನನ್ನು ಕೂರಿಸಿದ್ದೆ. ಪಂಕ್ತಿಯಲ್ಲಿ ಹಿರಿಯರು ಏಳುವ ತನಕ ಯಾರೂ ಏಳಬಾರದಲ್ಲ, ಅದನ್ನು ರವೀಂದ್ರ ನಮ್ಮ ಪರಂಪರೆ ಎಂದು ಇಂಗ್ಲಿಷಿನಲ್ಲಿ ಕೊಂಡಾಡಿದ. ಎಂಟೂ ದೇಶ ಚಪ್ಪಾಳೆ ತಟ್ಟಿತು. ನಾನು ಸನ್ನೆ ಮಾಡುವಗಂಟ ಏಳಬೇಡ ಎಂದು ಚಿಕ್ಕಪ್ಪನಿಗೆ ಮೊದಲೇ ಹೇಳಿದ್ದೆ. "ಮುದ್ದೆ ಇರೋಗಂಟ ನಾನ್ಯಾಕವ್ವ ಎದ್ದೇನು?" ಅಂದಿತ್ತು ಆ ಬೊಚ್ಚುಬಾಯಿ.

ಒಬ್ಬಟ್ಟಿನ ತಟ್ಟೆ ಹಿಡಿದು ಹೊರಟೆ. ಬೇಡ ಎಂದವರಿಗೆ ನಾವು ಬಲವಂತ ಮಾಡುವ ಹಾಗೆಯೇ, "ನಮ್ ಅಳಿಯ ದೇವರಾಜು ಹೆಸ್ರಲ್ಲಿ ಒಂದು" ಎಂದು ಪ್ರತಿ ಎಲೆಯ ಮುಂದೆಯೂ ನಿಂತೆ. ನಗುತ್ತ ಅವರೂ ದೇವರಾಜು, ದೇವರಾಜು ಎಂದರು. ತುಪ್ಪಕ್ಕೆ ಇನ್ನೊಂದು ಸುತ್ತು, ಹಾಲಿಗೆ ಮತ್ತೊಂದು. ಬಾಳೆಹಣ್ಣಿನ ಹೊತ್ತಿಗೆ ಎಲ್ಲರಿಗೂ ಹೆಸರು ಬಾಯಿಪಾಠ. ಆ ದೇವರಾಜು ಯಾರು ಎಂದು ಪದಕದವನು ಕೇಳಿಯೇಬಿಟ್ಟ. ಅದೇ ಬೇಕಿತ್ತು ನನಗೆ.

ಅಳಿಯನ ಕಥೆಯೆಲ್ಲ ನನ್ನ ಬಾಯಿಂದ ಮೊದಲೇ ಕೇಳಿದ್ದರೂ, ಮನೆಯವರೊಬ್ಬರು ಎಂದು ರವೀಂದ್ರ ಜಾರಿಕೊಳ್ಳಲು ನೋಡಿದ. "ಇದ್ದದ್ದನ್ನ ಇದ್ದಂಗೆ ಹೇಳಿ. ಇಲ್ದಿದ್ರೆ ನಮ್ ಚಿಕ್ಕಪ್ಪಂಗೆ ಇನ್ನೊಂದ್ ಮುದ್ದೆ ಆಕ್ತೀನಿ" ಎಂದೆ. ಹೇಳಿದ. ಬಾವುಟದವನು ಇದು ಇವತ್ತಿನ ವಿಷಯಪಟ್ಟಿಯಲ್ಲಿಲ್ಲ ಎಂದ. ಬಂದರಿನವನು ಪರಿಶೀಲನೆಯಲ್ಲಿದೆ ಎಂದ. ಚಿಕ್ಕಪ್ಪ ಮಜ್ಜಿಗೆ ಕೇಳಿತು.

ಬಂದರಿನವನಿಗೆ ಅಷ್ಟರಲ್ಲಿ ಒಂದಕ್ಕೆ ಹೋಗುವ ಅವಸರ ಬಂದಿತ್ತು. ಏಳಲು ನೋಡಿದ. ಪರಂಪರೆ ಎಂದು ಚಪ್ಪಾಳೆ ತಟ್ಟಿದವರಲ್ಲಿ ಅವನೂ ಒಬ್ಬ, ಏಳುವುದು ಹೇಗೆ? ಚಿಕ್ಕಪ್ಪನ ಲೋಟ ನೋಡಿದ, ನನ್ನ ಮುಖ ನೋಡಿದ, ಕೊನೆಗೆ ಪಕ್ಕದವನ ಮುಖ ನೋಡಿದ. ಒಂದು ವರ್ಷದಲ್ಲಿ ಅವರು ಆಡದ ಮಾತು ಒಂದು ಲೋಟ ಮಜ್ಜಿಗೆ ಮುಗಿಯುವುದರೊಳಗೆ ಆಗಿಹೋಯಿತು. ಹಡಗಿನವರನ್ನು ಬಿಡಲು ಸಂಜೆ ಎಂಟೂ ದೇಶ ಸಹಿ ಹಾಕುವ ಒಪ್ಪಂದದಲ್ಲೇ ಬರೆಸುತ್ತೇವೆ ಎಂದು ಸಾಲಿನೆದುರು ಒಪ್ಪಿದರು. ಸನ್ನೆ ಮಾಡಿದೆ. ಚಿಕ್ಕಪ್ಪ ಎದ್ದಿತು. ಬಂದರಿನವನು ಓಡಿದ ಓಟಕ್ಕೆ ಅವನ ದೇಶದ ಯಾವ ಹಡಗೂ ಸಾಟಿಯಲ್ಲ.

ಅವರ ದೊಡ್ಡತನದ ಅಳತೆ ಇಷ್ಟು ಕಣೆ ಮಗಳೇ. ಬಂದೂಕಿಗೆ ಬಗ್ಗದವರು, ಕಣ್ಣೀರಿಗೆ ಕರಗದವರು, ಉಚ್ಚೆ ಬಂದರೆ ಶಾಂತಿ ಮಾಡಿಕೊಳ್ಳುತ್ತಾರೆ.

ನಿನ್ನೆ ರವೀಂದ್ರ ಫೋನು ಮಾಡಿದ್ದ. ಸಹಿ ಬಿದ್ದಿದೆಯಂತೆ, ಈ ವಾರವೇ ಹುಡುಗರು ವಿಮಾನ ಹತ್ತುತ್ತಾರಂತೆ. ಊಟ ಬಿಡಬೇಡ. ರಜ ಸಿಕ್ಕರೆ ಒಂದೆರಡು ದಿನ ಇಲ್ಲಿಗೆ ಬಾ, ನನ್ನ ಹತ್ತಿರ ಇರು.

ಇಂತಿ,
ನಿನ್ನ ಅಮ್ಮ
ಪ್ರಮೀಳಾ

ಮರೆತ ಮಾತು: ಮರೆತದ್ದಲ್ಲ, ಬರೆಯಲು ಕೈ ಬರಲಿಲ್ಲ. ಹಡಗನ್ನು ಖಾಲಿ ಬಿಡುವಂತಿಲ್ಲವಂತೆ. ಇನ್ನೊಬ್ಬ ಮಾಲೀಕ ಸಿಗುವ ತನಕ ಕಾವಲಿಗೆ ಒಬ್ಬ ಅಲ್ಲೇ ಉಳಿಯಬೇಕಂತೆ, ಅವನ ಹೆಸರನ್ನು ಒಪ್ಪಂದದಲ್ಲಿ ಬರೆಯಬೇಕಿತ್ತಂತೆ. ಹಡಗಿನಲ್ಲಿ ಯಾರ್ಯಾರಿದ್ದಾರೆ ಎಂದು ಅಲ್ಲಿದ್ದ ಒಬ್ಬನಿಗೂ ಗೊತ್ತಿಲ್ಲ. ಎಂಟು ದೇಶದವರಿಗೂ ನೆನಪಿದ್ದದ್ದು ಒಂದೇ ಹೆಸರು. ಅದಕ್ಕೆ ಯಾರ ತಕರಾರೂ ಬರಲಿಲ್ಲವಂತೆ. ಒಬ್ಬಟ್ಟಿನ ಜೊತೆ ಆ ಹೆಸರನ್ನು ಅವರ ಬಾಯಿಗಿಟ್ಟವಳು ನಾನು, ಅರ್ಪಿತ.