ಚೀಟಿ ಮ್ಯಾಲಿನ ಕುಂಕುಮ

ಶಹಾಪುರ
23 ನವೆಂಬರ್ 2025, ಸಂಜಿ

ನನ್ನ ದಾನೇಶ್ವರಿಗೆ,

ಚೀಟಿ ಮ್ಯಾಲಿನ ಕುಂಕುಮ ಒರೆಸೂದಿಲ್ಲ ಅಂದೆ. ನಿನ್ನೆ ಫೋನ್ ಕಟ್ ಆತು, ಯಾಕಂತ ಪೂರಾ ಹೇಳಾಕ ಆಗಲಿಲ್ಲ. ಮೊದಲ ನಿನ್ನ ನೆಗಡಿ ಹೆಂಗದ? ಬೀದರದಾಗ ಥಂಡಿ ಜಾಸ್ತಿ, ಡ್ಯೂಟಿಗೆ ಸ್ವೆಟರ್ ಹಾಕ್ಕೊಂಡು ಹೋಗು. ನರ್ಸಮ್ಮಗ ನಾ ಏನ ಹೇಳೂದು. ನಾ ಆರಾಮ ಇದ್ದೀನಿ, ಮೊಣಕಾಲಷ್ಟ ಹಟ ಮಾಡತಾವ.

ಈಗ ನಿನ್ನ ಗೇಮಿನ ಸುದ್ದಿ. ಐ ಬೆಗ್ ಟು ಸ್ಟೇಟ್ ದಟ್... ಕಾಲೇಜಿನಾಗ ಕಲಿತ ಅರ್ಜಿ ಇಂಗ್ಲಿಷು, ಮುಂದಿಂದು ಮರತದ. ಅವ್ವನ ವರ್ಷದ ಕಾರ್ಯಕ್ಕ ಬಂದಾಗ ಒಮ್ಮೆ ಆಡಬೇಕು, ಕತ್ತಲ ಬಂಗ್ಲೆದಾಗ ಜೀವ ಉಳಿಸಿಕೊಳ್ಳೂ ಆ ಹೆದರಿಕಿ ಗೇಮು ಹಳೆ ಕಂಪ್ಯೂಟರಿಗೆ ಮತ್ತ ಹಾಕಿಡು ಅಂದಿದ್ದಿ. ನೀ ಹೈದರಾಬಾದಿನ ಹಳೆ ಸಾಮಾನಿನ ಅಂಗಡಿಯಿಂದ ತಂದ ಡಿಸ್ಕ್ ಜರ್ಮನಿದು, ಪರದಿ ಮ್ಯಾಲ ಬರೂದೆಲ್ಲಾ ಅದಾ ಭಾಷಾ. ಕಾಲೇಜಿನ ಇಂಗ್ಲಿಷ್ ಅರ್ಧಾ ಮರತಾಂವ ನಾನು, ಸುಮ್ಮನ ಬಲಗಡೆ ಗುಂಡಿ ಒತ್ತಕೋತ ಹೋದೆ. ಮುಕ್ಕಾಲು ತಾಸಿಗೆ ಗೇಮು ಕಂಪ್ಯೂಟರ್ ಒಳಗ ಕುಂತಿತು. ಆಮ್ಯಾಲ ಡಿಸ್ಕಿನ ಡಬ್ಬಿ ಒಳಗಿನ ಚೀಟಿ ನಂಬರ್ ಕೇಳ್ತು. ಇಪ್ಪತ್ತು ಅಕ್ಷರದಾಗ ಎರಡು ಕಾಣವಲ್ಲವು. ಹೋದ ವರ್ಷ ಖಂಡೇನವಮಿ ಪೂಜಾಕ್ಕ ನಿಮ್ಮವ್ವ ಕಂಪ್ಯೂಟರು, ಹೊಲಿಗಿ ಮಶೀನು, ನನ್ನ ಸೈಕಲ್ ಎಲ್ಲಾಕೂ ಹಚ್ಚಕೋತ ಬಂದಾಕಿ, ತೆರೆದ ಡಬ್ಬಿ ಕಂಡು ಆ ಚೀಟಿಗೂ ಕುಂಕುಮ ಒತ್ಯಾಳ. ಬೆರಳಿನ ಗೆರಿ ಸುದ್ದಾ ಮೂಡ್ಯಾವ. ಎರಡು ತಿಂಗಳಿಗೆ ಆಕಿ ಹೋದಳು.

ಅಂದಾಜಿನ ಮ್ಯಾಲ ನಾಕು ಸಲ ಹಾಕಿದೆ, ತಪ್ಪು. ಐದನೇದೂ ತಪ್ಪಿದ್ರ ಬೀಗ ಬೀಳ್ತದ ಅಂತ ಕಂಪ್ಯೂಟರ್ ಅಂಗಡಿ ಮಸ್ತಾನಸಾಬ ಹೇಳಿದ. ಚೀಟಿ ನೋಡಿ, "ಸ್ಪಿರಿಟ್ ಹತ್ತಿಲೆ ಒಮ್ಮೆ ಒರೆಸಿದ್ರ ಖಲಾಸ್ ಬಿಡ್ರಿ" ಅಂತ ಹತ್ತಿ ತಗೊಂಡಾ ಬಿಟ್ಟ. ಅವನ ಕೈ ಹಿಡದೆ. ಯಾಕಂತ ಹೇಳಿದ ಮ್ಯಾಲ ಹತ್ತಿ ಇಟ್ಟು ಚಹಾ ತರಿಸಿದ. ಫೋನಿನಾಗ ನೀನೂ ಒರೆಸಿಬಿಡಪ್ಪಾ ಅಂದಿ. ನೀ ಆಡುವಾಗ ಬಾಜೂ ಕುಂತು ತೊಗರಿಬ್ಯಾಳಿ ಹಸನ ಮಾಡಕೋತ, "ಆ ಬಾಗಲಾ ತೆರೀಬ್ಯಾಡ, ಒಳಗ ಯಾರೋ ನಿಂತಾರ" ಅಂತಿದ್ದಳಲ್ಲ, ಆಕಿ ಬೆರಳು ಯವ್ವಾ ಅದು. ನೀ ಆಡೂದು ನನಗೂ ನೋಡಬೇಕಾಗ್ಯಾದ. ಆದರ ಈ ಬೆರಳು ಕೊಟ್ಟು...

ಹೊತ್ತು ಮುಳುಗಾಕತ್ತದ, ಬರದದ್ದು ನನಗಾ ಕಾಣವಲ್ಲದು. ಇಲ್ಲಿಗೆ ಬಿಡತೀನಿ. ಊಟ ತಪ್ಪಿಸಬ್ಯಾಡ. ಶಿವ ನಿನ್ನ ತಣ್ಣಗ ಇಟ್ಟಿರಲಿ.

ನಿಮ್ಮಪ್ಪ,
ಅಮರಪ್ಪ

ತಾ.ಕ.: ಲೈಟ್ ಹಾಕಾಕ ಎದ್ದಾಂವ ಸುಮ್ಮನ ಚೀಟಿ ಕಿಟಕಿಗೆ ಹಿಡದೆ. ಕಡೀ ಬಿಸಿಲು ಹಿಂದಿನಿಂದ ಬಿದ್ದು, ಕುಂಕುಮದ ಒಳಗ ಎರಡೂ ಅಕ್ಷರ ಕರ್ರಗ ಕಂಡವು. ಹಾಕಿದೆ, ಗೇಮು ತೆರೀತು. ಕುಂಕುಮ ಹಾಂಗಾ ಅದ. ಪರದಿ ಮ್ಯಾಲ ಈಗ ಒಂದು ಬಾಗಲಾ ಬಂದು ನಿಂತದ. ನಾ ಮುಟ್ಟಿಲ್ಲ. ನೀ ಬಾ.